ಒಳಗೆ ಕೈ ಯಾರದೋ, ಬೀಗದ ಕೈ ಅವರದೇ



ಕೆಚ್ಚಲು ಬಾವು, ಕಾಲುಬಾಯಿ ಜ್ವರದ ಲಸಿಕೆ, ಖನಿಜ ಮಿಶ್ರಣ, ಹಾಲಿನ ಜಿಡ್ಡಿನಂಶ – ಇವುಗಳ ಬಗ್ಗೆ ನೀವು ಈ ಪತ್ರಿಕೆಯಲ್ಲಿ ಮೇಲಿಂದ ಮೇಲೆ ಓದುತ್ತೀರಿ. ಈ ಸಲ ಹಸುವಿನ ಮಾತಲ್ಲ, ಹಸುವನ್ನು ಸಾಕುವ ಕೈಗಳ ಮಾತು.

ಹತ್ತಿಪ್ಪತ್ತು ವರ್ಷಗಳ ಹಿಂದೆ ಬಹುಪಾಲು ಕೊಟ್ಟಿಗೆಗಳಲ್ಲಿ ಇದ್ದದ್ದು ಕುಡುಗೋಲು, ಬುಟ್ಟಿ, ಹಗ್ಗ, ಬಕೆಟ್ಟು ಅಷ್ಟೇ. ಈಗ ಮೇವು ಕತ್ತರಿಸುವ ಯಂತ್ರ ಬಂದಿದೆ, ಹಾಲು ಕರೆಯುವ ಯಂತ್ರ ಬಂದಿದೆ, ಕೊಟ್ಟಿಗೆ ತೊಳೆಯಲು ಮೋಟಾರು ಬಂದಿದೆ. ಊರಿನ ಡೇರಿಯಲ್ಲಿ ಹಾಲು ಶೀತಲೀಕರಣ ತೊಟ್ಟಿ, ಅಂದರೆ ಬಿಎಂಸಿ ಕುಳಿತಿದೆ. ಇವು ನಮ್ಮ ಬೆನ್ನಿನ ಭಾರ ಇಳಿಸಿವೆ, ಬೆಳಗಿನ ಒಂದು ಗಂಟೆ ಉಳಿಸಿವೆ. ಆದರೆ ಯಂತ್ರ ತರುವಾಗ ಅದನ್ನು ಹೇಗೆ ಓಡಿಸಬೇಕೆಂದು ಹೇಳಿಕೊಟ್ಟವರು, ಅದನ್ನು ಬಿಚ್ಚುವಾಗ, ತೊಳೆಯುವಾಗ, ಸಿಕ್ಕಿಕೊಂಡ ಮೇವು ತೆಗೆಯುವಾಗ ಹೇಗಿರಬೇಕೆಂದು ಹೇಳಿಕೊಟ್ಟಿದ್ದು ಕಡಿಮೆ. ಯಂತ್ರದೊಳಗೆ ನಮ್ಮ ಕೈ ಹೋಗುವುದು ಆಗಲೇ.

ಈ ಲೇಖನ ಹೇಳಹೊರಟಿರುವುದು ಒಂದೇ ಮಾತು: ಸ್ವಿಚ್ ಆರಿಸಿದರೆ ಸಾಲದು. ಯಂತ್ರದೊಳಗೆ ಯಾರ ಕೈ ಇದೆಯೋ, ಅದರ ಕರೆಂಟಿಗೆ ಹಾಕಿದ ಬೀಗದ ಕೈ ಅವರ ಹತ್ತಿರವೇ ಇರಬೇಕು.

ನಿಂತ ಯಂತ್ರ ಮತ್ತೆ ಹೇಗೆ ಹೊರಡುತ್ತದೆ?

ಮೇವಿನ ಯಂತ್ರಕ್ಕೆ ನೇಪಿಯರ್ ಹುಲ್ಲು ಹಾಕುತ್ತಿದ್ದೀರಿ. ದಪ್ಪ ಕಂತೆ ಒಳಗೆ ಹೋಗಿ ಸಿಕ್ಕಿಕೊಂಡಿತು. ಮೋಟಾರು ಗುಂಯ್ ಎಂದು ನಿಂತಿತು. ಸ್ವಿಚ್ ಆರಿಸಿ, ಮುಚ್ಚಳ ತೆಗೆದು, ಬೆರಳಿನಿಂದ ಹುಲ್ಲು ಕೀಳಲು ಹೋಗುತ್ತೀರಿ. ಇದು ಎಲ್ಲರ ಕೊಟ್ಟಿಗೆಯಲ್ಲೂ ನಡೆಯುವ ಮಾತು. ಈಗ ಆ ಯಂತ್ರ ನಿಮ್ಮ ಕೈ ಒಳಗಿರುವಾಗಲೇ ಹೊರಡಲು ಎಷ್ಟು ದಾರಿಗಳಿವೆ ನೋಡಿ.

ಮೊದಲನೆಯದು, ಇನ್ನೊಬ್ಬರು ಸ್ವಿಚ್ ಹಾಕುವುದು. ಸ್ವಿಚ್ ಬೋರ್ಡು ಗೋಡೆಯ ಆಚೆ, ಜಗಲಿಯಲ್ಲಿ ಅಥವಾ ನಡುಮನೆಯಲ್ಲಿರುತ್ತದೆ. ಮಗ ದೀಪ ಹಾಕಲು ಬಂದು ಪಕ್ಕದ ಸ್ವಿಚ್ ಒತ್ತಬಹುದು. ಯಜಮಾನರು ‘ಯಾಕೆ ನಿಂತಿದೆ’ ಎಂದು ನೋಡಲು ಹಾಕಬಹುದು. ಯಾರಿಗೂ ಕೆಟ್ಟ ಮನಸ್ಸಿರುವುದಿಲ್ಲ. ನೀವು ಒಳಗೆ ಕೈ ಹಾಕಿದ್ದೀರಿ ಎಂಬುದು ಅವರಿಗೆ ಗೊತ್ತಿರುವುದಿಲ್ಲ, ಅಷ್ಟೇ.

ಎರಡನೆಯದು, ಹೋದ ಕರೆಂಟು ಬರುವುದು. ‘ಹೇಗೂ ಕರೆಂಟ್ ಇಲ್ಲವಲ್ಲ, ಅಷ್ಟರಲ್ಲಿ ಬ್ಲೇಡು ಒರೆಸಿಬಿಡೋಣ’ ಎಂದು ಕೈ ಹಾಕುವವರು ಬಹಳ. ಸಾದಾ ಸ್ವಿಚ್ಚಿನಲ್ಲಿ ಓಡುತ್ತಿದ್ದ ಯಂತ್ರವನ್ನು ಆರಿಸದೆ ಬಿಟ್ಟಿದ್ದರೆ, ಕರೆಂಟು ಬಂದ ಕ್ಷಣವೇ ಅದು ತಿರುಗುತ್ತದೆ. ಕರೆಂಟು ಹೇಳಿ ಬರುವುದಿಲ್ಲ.

ಮೂರನೆಯದು, ಯಂತ್ರ ತಾನಾಗಿಯೇ ಹೊರಡುವುದು. ಕೆಲವು ಮೋಟಾರುಗಳಲ್ಲಿ ಬಿಸಿ ಹೆಚ್ಚಾದರೆ ತಾನೇ ನಿಲ್ಲುವ ವ್ಯವಸ್ಥೆ ಇರುತ್ತದೆ. ತಣ್ಣಗಾದ ಮೇಲೆ ಅದೇ ಮೋಟಾರು ಯಾರೂ ಮುಟ್ಟದೆ ಮತ್ತೆ ತಿರುಗುತ್ತದೆ. ಬೋರ್‌ವೆಲ್ಲಿನ ಆಟೋ ಸ್ಟಾರ್ಟರ್ ನಿಮಗೆ ಗೊತ್ತೇ ಇದೆ: ತ್ರೀ ಫೇಸ್ ಬಂದ ಕೂಡಲೇ ಪಂಪು ತಾನೇ ಓಡುತ್ತದೆ.

ನಾಲ್ಕನೆಯದು, ಯಂತ್ರದಲ್ಲಿ ಉಳಿದಿರುವ ಬಲ. ಮೇವಿನ ಯಂತ್ರದ ಗಾಲಿ ಭಾರವಾದದ್ದು. ಸ್ವಿಚ್ ಆರಿಸಿದ ಮೇಲೂ ಅದು ಸ್ವಲ್ಪ ಹೊತ್ತು ತಿರುಗುತ್ತಲೇ ಇರುತ್ತದೆ. ಹುಲ್ಲು ಸಿಕ್ಕಿ ನಿಂತಿದ್ದರೆ, ಆ ಹುಲ್ಲು ಬಿಡಿಸಿದ ಕೂಡಲೇ ಬಿಗಿದಿದ್ದ ಗಾಲಿ ಜರ್ರನೆ ಒಂದು ಸುತ್ತು ಹೋಗಬಹುದು. ಬೆರಳಿಗೆ ಅರ್ಧ ಸುತ್ತೇ ಸಾಕು.

‘ಶಬ್ದವಾದರೆ ಕೈ ಎಳೆದುಕೊಂಡರಾಯಿತು’ ಎನ್ನಬೇಡಿ. ಲೆಕ್ಕ ನೋಡಿ: ಗಾಲಿ ನಿಮಿಷಕ್ಕೆ 600 ಸುತ್ತು ತಿರುಗುತ್ತದೆ ಎಂದುಕೊಂಡರೆ, ಸೆಕೆಂಡಿಗೆ 10 ಸುತ್ತು. ಗಾಲಿಗೆ 2 ಬ್ಲೇಡು ಇದ್ದರೆ, ಒಂದೇ ಸೆಕೆಂಡಿನಲ್ಲಿ 20 ಸಲ ಅಲಗು ಹಾದುಹೋಗುತ್ತದೆ. ಕಣ್ಣು ಮಿಟುಕಿಸುವಷ್ಟರಲ್ಲಿ ಆಗುವುದು ಆಗಿರುತ್ತದೆ.

ಲೈನ್‌ಮನ್‌ನಿಂದ ಕಲಿಯೋಣ

ಇದಕ್ಕೆ ಪರಿಹಾರ ನಮ್ಮ ಊರಿನಲ್ಲೇ ಇದೆ. ಕಂಬ ಹತ್ತುವ ಮೊದಲು ಲೈನ್‌ಮನ್ ಏನು ಮಾಡಬೇಕು ಗೊತ್ತೆ? ಸಬ್‌ಸ್ಟೇಷನ್ನಿನಿಂದ ‘ಲೈನ್ ಕ್ಲಿಯರ್’ ತೆಗೆದುಕೊಳ್ಳಬೇಕು. ‘ಎಲ್‌ಸಿ ತಗೊಂಡಿದ್ದಾರೆ, ಕರೆಂಟ್ ಇಲ್ಲ’ ಎಂಬ ಮಾತನ್ನು ನೀವೂ ಕೇಳಿದ್ದೀರಿ. ಲೈನ್ ಕ್ಲಿಯರ್ ತೆಗೆದುಕೊಂಡವರು ಕೆಲಸ ಮುಗಿಸಿ, ಕೆಳಗಿಳಿದು, ಅದನ್ನು ವಾಪಸು ಕೊಡುವವರೆಗೆ ಆ ಲೈನಿಗೆ ಕರೆಂಟು ಬಿಡುವಂತಿಲ್ಲ. ಊರೆಲ್ಲ ಫೋನು ಮಾಡಿದರೂ ಬಿಡುವಂತಿಲ್ಲ. ಕಂಬದ ಮೇಲಿರುವವನ ಜೀವ ಆ ಒಂದು ಕಟ್ಟುಪಾಡಿನ ಮೇಲೆ ನಿಂತಿದೆ.

ಕಾರ್ಖಾನೆಗಳಲ್ಲಿ ಇದೇ ಪದ್ಧತಿಯನ್ನು ಬೀಗ ಮತ್ತು ಚೀಟಿಯಿಂದ ಮಾಡುತ್ತಾರೆ. ಅದಕ್ಕೆ ‘ಲಾಕೌಟ್ – ಟ್ಯಾಗೌಟ್’ ಎಂದು ಹೆಸರು. ಯಂತ್ರ ಬಿಚ್ಚುವ ಮೊದಲು ಅದಕ್ಕೆ ಬರುವ ಕರೆಂಟನ್ನು ಮೂಲದಲ್ಲೇ ನಿಲ್ಲಿಸಿ, ಆ ಸ್ವಿಚ್ಚಿಗೆ ಬೀಗ ಹಾಕುತ್ತಾರೆ. ಯಾರು ಹಾಕಿದ್ದು, ಯಾಕೆ ಹಾಕಿದ್ದು ಎಂದು ಬರೆದ ಚೀಟಿ ತೂಗುಬಿಡುತ್ತಾರೆ. ಅಮೆರಿಕದಲ್ಲಿ 1989ರಲ್ಲಿ ಇದಕ್ಕಾಗಿಯೇ ಒಂದು ನಿಯಮ ಮಾಡಿ, 1990ರಿಂದ ಜಾರಿಗೆ ತಂದರು. ಇದನ್ನು ಸರಿಯಾಗಿ ಪಾಲಿಸುವುದರಿಂದ ವರ್ಷಕ್ಕೆ ಸುಮಾರು 120 ಸಾವುಗಳೂ 50,000 ಗಾಯಗಳೂ ತಪ್ಪುತ್ತವೆ ಎಂದು ಅಲ್ಲಿನ ಕಾರ್ಮಿಕ ಸುರಕ್ಷತಾ ಇಲಾಖೆಯ ಅಂದಾಜು.

ನಮ್ಮ ದೇಶದಲ್ಲೂ ಈ ತಿಳಿವಳಿಕೆ ಹಳೆಯದೇ. 1948ರ ಕಾರ್ಖಾನೆ ಕಾಯ್ದೆಯ 22ನೇ ಕಲಂ, ತಿರುಗುತ್ತಿರುವ ಯಂತ್ರದಿಂದ ಗಾಯವಾಗುವ ಸಂಭವವಿದ್ದರೆ ಅದನ್ನು ಒರೆಸುವ, ಎಣ್ಣೆ ಬಿಡುವ, ಸರಿಪಡಿಸುವ ಕೆಲಸಕ್ಕೆ ಹೆಂಗಸರನ್ನೂ ಹರೆಯದವರನ್ನೂ ಹಚ್ಚಕೂಡದು ಎಂದು ಹೇಳಿತು. 1983ರಲ್ಲಿ ಹಳ್ಳಿಯ ಒಕ್ಕಣೆ ಯಂತ್ರದಂಥವನ್ನು ಗಮನದಲ್ಲಿಟ್ಟುಕೊಂಡು ಅಪಾಯಕಾರಿ ಯಂತ್ರಗಳ ನಿಯಂತ್ರಣ ಕಾಯ್ದೆಯೂ ಬಂತು. ಆದರೆ ನಮ್ಮ ಕೊಟ್ಟಿಗೆ ಕಾರ್ಖಾನೆಯಲ್ಲ. ಅಲ್ಲಿ ನೋಡಲು ಇನ್‌ಸ್ಪೆಕ್ಟರ್ ಬರುವುದಿಲ್ಲ, ಎಚ್ಚರಿಸಲು ಮೇಸ್ತ್ರಿ ಇರುವುದಿಲ್ಲ. ನಮ್ಮ ಕೈಗೆ ನಾವೇ ಕಾವಲು.

ಏನೇನು ಬೇಕು?

ದೊಡ್ಡ ಖರ್ಚಿಲ್ಲ. ಇಷ್ಟನ್ನು ಒಂದು ಡಬ್ಬಿಯಲ್ಲಿ ಹಾಕಿ ಕೊಟ್ಟಿಗೆಯಲ್ಲೇ ಇಡಿ:

• ಒಂದು ಗಟ್ಟಿ ಬೀಗ, ಅದಕ್ಕೆ ಒಂದೇ ಕೈ. ಬೀಗದ ಜೊತೆ ಬಂದ ಎರಡನೇ ಕೈಯನ್ನು ಮನೆಯ ಗೂಟಕ್ಕೆ ತೂಗುಹಾಕಬೇಡಿ. ಪೆಟ್ಟಿಗೆಯ ತಳದಲ್ಲಿಟ್ಟು ಮರೆತುಬಿಡಿ.
• ಕೆಂಪು ಚೀಟಿ. ಹಳೆಯ ಪ್ಲಾಸ್ಟಿಕ್ ಡಬ್ಬಿಯ ಮುಚ್ಚಳಕ್ಕೆ ಕೆಂಪು ಬಣ್ಣ ಬಳಿದು ದಾರ ಕಟ್ಟಿದರೂ ಸಾಕು. ‘ಸ್ವಿಚ್ ಹಾಕಬೇಡಿ, ಒಳಗೆ ಕೈ ಇದೆ’ ಎಂದು ಬರೆದು, ನಿಮ್ಮ ಹೆಸರು ಹಾಕಿ. ಓದಲು ಬಾರದವರಿಗೂ ಮಕ್ಕಳಿಗೂ ತಿಳಿಯುವಂತೆ ಒಂದು ಕೈಯ ಚಿತ್ರ ಬಿಡಿಸಿ.
• ಒಂದು ಮರದ ಬೆಣೆ, ಒಂದು ಗಟ್ಟಿ ಹಗ್ಗ ಅಥವಾ ಸರಪಳಿ – ಗಾಲಿಯನ್ನು ತಿರುಗದಂತೆ ನಿಲ್ಲಿಸಲು.
• ಹುಲ್ಲು ಕೀಳಲು ಒಂದು ಮೊಳದುದ್ದದ ಮರದ ಕೋಲು ಮತ್ತು ದಪ್ಪ ಕೈಗವಸು.

ಇದರ ಜೊತೆಗೆ ಒಂದು ಸಲ ಎಲೆಕ್ಟ್ರಿಷಿಯನ್ ಕರೆಸಿ ಮಾಡಿಸಬೇಕಾದ ಕೆಲಸವಿದೆ. ಮೇವಿನ ಯಂತ್ರಕ್ಕೆ ಪ್ರತ್ಯೇಕ ಮೇನ್ ಸ್ವಿಚ್ ಇರಲಿ. ಅದು ಯಂತ್ರದ ಹತ್ತಿರ, ನಿಮ್ಮ ಕಣ್ಣಿಗೆ ಕಾಣುವ ಕಡೆ, ಮಕ್ಕಳ ಕೈಗೆಟುಕದ ಎತ್ತರದಲ್ಲಿರಲಿ. ಆರಿಸಿದ ಸ್ಥಿತಿಯಲ್ಲಿ ಬೀಗ ಹಾಕಲು ತೂತು ಇರುವಂಥ ಸ್ವಿಚ್ ಕೇಳಿ ತನ್ನಿ. ಅದು ಸಿಗದಿದ್ದರೆ ಸ್ವಿಚ್ಚನ್ನು ಕಬ್ಬಿಣದ ಪೆಟ್ಟಿಗೆಯೊಳಗೆ ಕೂರಿಸಿ, ಪೆಟ್ಟಿಗೆಗೆ ಚಿಲಕ ಹಾಕಿಸಿ. ಸಿಂಗಲ್ ಫೇಸ್ ಯಂತ್ರವಾದರೆ ಎರಡೂ ತಂತಿಯನ್ನು ಒಟ್ಟಿಗೆ ಕಡಿಯುವ ಡಬಲ್ ಪೋಲ್ ಸ್ವಿಚ್ ಹಾಕಿಸಿ. ಕರೆಂಟು ಹೋಗಿ ಬಂದಾಗ ಯಂತ್ರ ತಾನೇ ಹೊರಡದಂತೆ ತಡೆಯುವ, ಹಸಿರು–ಕೆಂಪು ಗುಂಡಿಯ ಸ್ಟಾರ್ಟರ್ ಸಿಗುತ್ತದೆ, ಅದನ್ನೂ ಹಾಕಿಸಿ. ಅರ್ಥಿಂಗ್ ಸರಿಯಿದೆಯೇ ಎಂದು ಅದೇ ದಿನ ನೋಡಿಸಿ. ಆದರೆ ನೆನಪಿಡಿ, ಸ್ಟಾರ್ಟರ್ ಎಷ್ಟೇ ಒಳ್ಳೆಯದಿದ್ದರೂ ಬೀಗದ ಬದಲಿಗೆ ಅದಲ್ಲ. ಗುಂಡಿಯನ್ನು ಯಾರು ಬೇಕಾದರೂ ಒತ್ತಬಹುದು.

ಕೈ ಹಾಕುವ ಮೊದಲು ಏಳು ಹೆಜ್ಜೆ

ಮೇವು ಸಿಕ್ಕಿಕೊಂಡಿರಲಿ, ಬ್ಲೇಡು ಮಸೆಯಬೇಕಿರಲಿ, ಬೆಲ್ಟು ಬದಲಿಸಬೇಕಿರಲಿ, ಬರೀ ಒರೆಸುವುದಿರಲಿ, ಹೆಜ್ಜೆಗಳು ಒಂದೇ.

1. ಹೇಳಿ. ಮನೆಯಲ್ಲಿರುವವರಿಗೆಲ್ಲ ಕೇಳುವಂತೆ ‘ಮೇವಿನ ಯಂತ್ರ ಬಿಚ್ಚುತ್ತಿದ್ದೇನೆ, ಯಾರೂ ಸ್ವಿಚ್ ಮುಟ್ಟಬೇಡಿ’ ಎಂದು ಕೂಗಿ ಹೇಳಿ.

2. ನಿಲ್ಲಿಸಿ. ಗೇರಿನ ಹಿಡಿ ಇದ್ದರೆ ನ್ಯೂಟ್ರಲ್ಲಿಗೆ ತನ್ನಿ. ಯಂತ್ರದ ಸ್ವಿಚ್ ಆರಿಸಿ. ಗಾಲಿ ಪೂರ್ತಿ ನಿಲ್ಲುವವರೆಗೆ ದೂರ ನಿಂತು ಕಾಯಿರಿ. ಕೋಲಿನಿಂದಾಗಲಿ ಚೀಲದಿಂದಾಗಲಿ ಗಾಲಿ ತಡೆಯಲು ಹೋಗಬೇಡಿ.

3. ಮೂಲದಲ್ಲೇ ಕಡಿಯಿರಿ. ಮೇನ್ ಸ್ವಿಚ್ ಕೆಳಗಿಳಿಸಿ. ಫ್ಯೂಸ್ ಇರುವ ಕಡೆ, ಮೇನ್ ಇಳಿಸಿದ ನಂತರ ಫ್ಯೂಸುಗಳನ್ನೂ ಕಿತ್ತು ನಿಮ್ಮ ಹತ್ತಿರ ಇಟ್ಟುಕೊಳ್ಳಿ. ತ್ರೀ ಫೇಸ್ ಆದರೆ ಮೂರನ್ನೂ ಕೀಳಬೇಕು. ಒಂದನ್ನು ಮಾತ್ರ ಕಿತ್ತರೆ ಉಳಿದ ಎರಡರಲ್ಲಿ ಕರೆಂಟು ಇದ್ದೇ ಇರುತ್ತದೆ.

4. ಬೀಗ ಹಾಕಿ. ಬೀಗದ ಕೈಯನ್ನು ಸೆರಗಿನ ತುದಿಗೆ ಗಂಟು ಹಾಕಿ ಸೊಂಟಕ್ಕೆ ಸಿಕ್ಕಿಸಿಕೊಳ್ಳಿ, ಇಲ್ಲವೇ ಕುಪ್ಪಸದ ಒಳಗೆ ಇಟ್ಟುಕೊಳ್ಳಿ. ಬೀಗದ ಮೇಲೆಯೇ ಬಿಟ್ಟ ಬೀಗದ ಕೈ, ಬೀಗ ಹಾಕದ ಹಾಗೆಯೇ.

5. ಚೀಟಿ ತೂಗುಬಿಡಿ. ಬೀಗ ತಡೆಯುತ್ತದೆ, ಚೀಟಿ ಕಾರಣ ಹೇಳುತ್ತದೆ. ಬರೀ ಚೀಟಿ ಕಟ್ಟಿದರೆ ಸಾಲದು. ಕತ್ತಲಲ್ಲಿ ಚೀಟಿ ಕಾಣುವುದಿಲ್ಲ, ಅವಸರದಲ್ಲಿ ಯಾರೂ ಓದುವುದಿಲ್ಲ.

6. ಪರೀಕ್ಷೆ ಮಾಡಿ. ಯಂತ್ರದ ಬಾಯಿಂದ ಪಕ್ಕಕ್ಕೆ ಸರಿದು ನಿಂತು, ಯಂತ್ರದ ಸ್ವಿಚ್ ಒಮ್ಮೆ ಹಾಕಿ ನೋಡಿ. ಮೋಟಾರು ಅಲುಗಬಾರದು, ಗುಂಯ್ ಎನ್ನಲೂ ಬಾರದು. ಅಲುಗಿತೆಂದರೆ ನೀವು ಇಳಿಸಿದ್ದು ಬೇರೆ ಯಾವುದೋ ಸ್ವಿಚ್ಚನ್ನು. ನೋಡಿದ ಮೇಲೆ ಸ್ವಿಚ್ ಮತ್ತೆ ಆರಿಸಲು ಮರೆಯಬೇಡಿ.

7. ಗಾಲಿಗೆ ಬೆಣೆ ಕೊಡಿ. ಪರೀಕ್ಷೆ ಆದ ಮೇಲೆಯೇ ಬೆಣೆ. ಮೊದಲೇ ಬೆಣೆ ಇಟ್ಟು ಸ್ವಿಚ್ ಹಾಕಿದರೆ, ಕರೆಂಟು ಇದ್ದಲ್ಲಿ ಬೆಣೆ ಸಿಡಿದು ಮುಖಕ್ಕೆ ಬಡಿಯಬಹುದು. ಬೆಣೆ ಕೊಟ್ಟು, ಗಾಲಿಯನ್ನು ಹಗ್ಗದಿಂದ ಯಂತ್ರದ ಕಾಲಿಗೆ ಬಿಗಿದ ನಂತರ ಮುಚ್ಚಳ ತೆಗೆಯಿರಿ. ಆಗಲೂ ಸಿಕ್ಕಿಕೊಂಡ ಹುಲ್ಲನ್ನು ಕೋಲಿನಿಂದಲೇ ಕೀಳಿ. ಬ್ಲೇಡಿನ ನಟ್ಟು ಸಡಿಲಿಸುವಾಗ ಸ್ಪ್ಯಾನರ್ ಜಾರಿದರೆ ಕೈ ಹೋಗಿ ಬೀಳುವುದು ಅಲಗಿನ ಮೇಲೆ. ಅದಕ್ಕೇ ಕೈಗವಸು ಬೇಕು. ಆದರೆ ಕೈಗವಸು ನಿಂತ ಯಂತ್ರಕ್ಕೆ ಮಾತ್ರ. ಓಡುವ ಯಂತ್ರಕ್ಕೆ ಮೇವು ಹಾಕುವಾಗ ಕೈಗವಸು, ಇಳಿಬಿಟ್ಟ ಸೆರಗು, ಇಳಿಬಿಟ್ಟ ಜಡೆ ಮೂರೂ ಬೇಡ. ಹಲ್ಲಿನ ಉರುಳೆ ಅವನ್ನು ಹಿಡಿದರೆ ಕೈಯನ್ನೂ ಎಳೆದುಕೊಳ್ಳುತ್ತದೆ.

ಆರನೆಯ ಹೆಜ್ಜೆಯ ಬಗ್ಗೆ ಒಂದು ಮುಖ್ಯ ಮಾತು. ಕರೆಂಟು ಹೋಗಿರುವಾಗ ಈ ಪರೀಕ್ಷೆಗೆ ಅರ್ಥವಿಲ್ಲ. ಕರೆಂಟೇ ಇಲ್ಲದಾಗ ಯಾವ ಸ್ವಿಚ್ ಹಾಕಿದರೂ ಯಂತ್ರ ಅಲುಗುವುದಿಲ್ಲ. ‘ಅಲುಗಲಿಲ್ಲ, ಸರಿಯಾಗಿದೆ’ ಎಂದು ಮೋಸ ಹೋಗುತ್ತೇವೆ. ಆದ್ದರಿಂದ ಕರೆಂಟು ಹೋಗಿದ್ದರೆ ಬಂದ ಮೇಲೆ ಪರೀಕ್ಷೆ ಮಾಡಿ ಕೆಲಸ ಹಿಡಿಯುವುದು ಒಳ್ಳೆಯದು. ಅಲ್ಲಿಯವರೆಗೆ ಹಸುವಿಗೆ ಒಂದು ಹೊರೆ ಮೇವನ್ನು ಕುಡುಗೋಲಿನಲ್ಲೇ ಕೊಚ್ಚಿ ಹಾಕಿ. ಹಸು ಕಾಯುತ್ತದೆ.

ಪ್ಲಗ್ ಇರುವ ಯಂತ್ರವಾದರೆ

ಸಣ್ಣ ಯಂತ್ರಗಳು ಪ್ಲಗ್ ಮೇಲೆ ಓಡುತ್ತವೆ. ಇಲ್ಲಿ ಕೆಲಸ ಸುಲಭ. ಸ್ವಿಚ್ ಆರಿಸಿ, ಪ್ಲಗ್ ಕಿತ್ತು, ಅದನ್ನು ನೀವು ಕೆಲಸ ಮಾಡುವ ಜಾಗಕ್ಕೆ ಎಳೆದು ತಂದು ನಿಮ್ಮ ಕಣ್ಣೆದುರೇ ಇಟ್ಟುಕೊಳ್ಳಿ. ಪ್ಲಗ್ ನಿಮ್ಮ ಮುಂದೆ, ನಿಮ್ಮ ಹತೋಟಿಯಲ್ಲಿ ಇರುವಷ್ಟು ಹೊತ್ತು ಅದೇ ನಿಮ್ಮ ಬೀಗ. ಪ್ಲಗ್ ಗೋಡೆಯ ಆಚೆ ನೇತಾಡುತ್ತಿದ್ದರೆ ಅದು ಬೀಗವಲ್ಲ. ಮಧ್ಯದಲ್ಲಿ ಎದ್ದು ಹೋಗಬೇಕಾದರೆ ಪ್ಲಗ್ಗನ್ನು ಡಬ್ಬಿಯೊಳಗಿಟ್ಟು ಬೀಗ ಹಾಕಿ ಹೋಗಿ.

ಟ್ರ್ಯಾಕ್ಟರಿನಿಂದ ಓಡುವ ಮೇವಿನ ಯಂತ್ರವಾದರೆ ಎಂಜಿನ್ ಆರಿಸಿ, ಚಾವಿ ಕಿತ್ತು ನೀವೇ ಇಟ್ಟುಕೊಳ್ಳಿ. ಚಾಲಕನಿಗೆ ‘ಇಲ್ಲೇ ಇರು, ಹೇಳಿದಾಗ ಹಾಕು’ ಎಂದರೆ ಸಾಲದು. ಎಂಜಿನ್ ಸದ್ದಿನಲ್ಲಿ ‘ಬೇಡ’ ಎಂದದ್ದು ‘ಬಿಡು’ ಎಂದು ಕೇಳಿಸಬಹುದು. ಟ್ರ್ಯಾಕ್ಟರಿನಿಂದ ಯಂತ್ರಕ್ಕೆ ಹೋಗುವ ತಿರುಗು ಸರಳಿನ ಹತ್ತಿರ ಸೀರೆ ಉಟ್ಟವರು ಹೋಗಲೇಬಾರದು.

ಮತ್ತೆ ಶುರು ಮಾಡುವಾಗ

ಕೆಲಸ ಮುಗಿದ ಖುಷಿಯಲ್ಲಿ ಆಗುವ ಅಪಾಯಗಳೂ ಇವೆ. ಮೊದಲು ಸ್ಪ್ಯಾನರ್, ಕೋಲು, ಬಟ್ಟೆ ಎಲ್ಲವನ್ನೂ ಹೊರಗೆ ತೆಗೆದು ಎಣಿಸಿ. ಮುಚ್ಚಳ, ಬೆಲ್ಟಿನ ಮರೆ ಮತ್ತೆ ಕೂರಿಸಿ. ಹಗ್ಗ ಬಿಚ್ಚಿ, ಬೆಣೆ ತೆಗೆಯಿರಿ. ಗಾಲಿಯ ಅಂಚು ಹಿಡಿದು ಒಂದು ಸುತ್ತು ಕೈಯಲ್ಲೇ ತಿರುಗಿಸಿ, ಏನೂ ತಾಗುತ್ತಿಲ್ಲ ಎಂದು ನೋಡಿ. ಮಕ್ಕಳು, ಕರು, ನಾಯಿ ಎಲ್ಲ ದೂರ ಇವೆಯೇ ನೋಡಿ. ಆಮೇಲೆ ಬೀಗ ಹಾಕಿದವರೇ ಬೀಗ ತೆಗೆದು, ಚೀಟಿ ಬಿಚ್ಚಿ, ‘ಹಾಕುತ್ತಿದ್ದೇನೆ’ ಎಂದು ಕೂಗಿ ಸ್ವಿಚ್ ಹಾಕಬೇಕು.

ಅತ್ತೆ ಸೊಸೆ ಇಬ್ಬರೂ ಸೇರಿ ಕೆಲಸ ಮಾಡುತ್ತಿದ್ದರೆ ಎರಡು ಬೀಗ ಹಾಕಿ. ಸ್ವಿಚ್ಚಿಗೆ ಒಂದೇ ತೂತಿದ್ದರೆ ಸಣ್ಣ ಸರಪಳಿ ಪೋಣಿಸಿ, ಅದರ ತುದಿಗಳನ್ನು ಇಬ್ಬರ ಬೀಗದಿಂದಲೂ ಹೇಗೆ ಬಿಗಿಯಬೇಕೆಂದರೆ, ಒಂದು ಬೀಗ ತೆಗೆದರೂ ಇನ್ನೊಂದು ಸ್ವಿಚ್ಚನ್ನು ಹಿಡಿದಿರಬೇಕು. ಒಬ್ಬರ ಕೈ ಹೊರಬಂತೆಂದು ಇನ್ನೊಬ್ಬರ ಕೈ ಹೊರಬಂದಿದೆ ಎಂದರ್ಥವಲ್ಲ.

ಹಾಲು ಕರೆಯುವ ಯಂತ್ರ, ಬಿಎಂಸಿ, ಪಂಪು

ಹಾಲು ಕರೆಯುವ ಯಂತ್ರದಲ್ಲಿ ಗಾಳಿ ಎಳೆಯುವ ಪಂಪಿನ ಬೆಲ್ಟೇ ಹೆಚ್ಚು ಅಪಾಯ. ಬೆಲ್ಟು ಮತ್ತು ಗಾಲಿ ಸೇರುವ ಸಂದಿನಲ್ಲಿ ಬೆರಳು ಸಿಕ್ಕಿದರೆ ಜಜ್ಜಿಹೋಗುತ್ತದೆ. ಪ್ಲಗ್ ಕಿತ್ತ ಮೇಲೂ ಕೊಳವೆಯಲ್ಲಿ ಎಳೆತ ಉಳಿದಿರುತ್ತದೆ. ಮಾಪಕದ ಮುಳ್ಳು ಸೊನ್ನೆಗೆ ಬಂದ ನಂತರವೇ ಬಿಚ್ಚಿ. ಒದ್ದೆ ನೆಲದಲ್ಲಿ, ಒದ್ದೆ ಕೈಯಲ್ಲಿ ಪ್ಲಗ್ ಮುಟ್ಟಬೇಡಿ.

ಬಿಎಂಸಿ ಇರುವ ಸಂಘಗಳಲ್ಲಿ ತೊಟ್ಟಿ ತೊಳೆಯುವವರು ಬಹಳ ಕಡೆ ನಮ್ಮ ಹೆಣ್ಣುಮಕ್ಕಳೇ. ತೊಟ್ಟಿಯೊಳಗೆ ಹಾಲು ಕಲಕುವ ರೆಕ್ಕೆ ಇರುತ್ತದೆ. ಹಾಲಿನ ತಣ್ಪು ಎಲ್ಲ ಕಡೆ 4 ಡಿಗ್ರಿ ಸೆಲ್ಸಿಯಸ್ಸಿನ ಹತ್ತಿರ ಒಂದೇ ಸಮ ಇರಲೆಂದು ಆ ರೆಕ್ಕೆ ಹೊತ್ತು ಹೊತ್ತಿಗೆ ತಾನೇ ತಿರುಗುವಂತೆ ಹೊಂದಿಸಿರುತ್ತಾರೆ. ಅದು ಈಗ ನಿಂತಿದೆ ಎಂದರೆ ಆರಿದೆ ಎಂದಲ್ಲ, ತನ್ನ ಸರದಿಗೆ ಕಾಯುತ್ತಿದೆ ಎಂದರ್ಥ. ತೊಟ್ಟಿಗೆ ಕೈ ಅಥವಾ ಬ್ರಷ್ ಹಾಕುವ ಮುಂಚೆ ಬಿಎಂಸಿಯ ಮೇನ್ ಸ್ವಿಚ್ಚಿಗೆ ಬೀಗ ಬೀಳಲೇಬೇಕು. ಇಲ್ಲಿ ಇನ್ನೊಂದು ಸಂಗತಿ ಇದೆ: ಕರೆಂಟು ಹೋದಾಗ ಡೇರಿಯ ಜನರೇಟರ್ ಕೆಲವು ಕಡೆ ತಾನೇ ಶುರುವಾಗುತ್ತದೆ. ಅಂದರೆ ಯಂತ್ರಕ್ಕೆ ಕರೆಂಟು ಬರುವ ದಾರಿ ಎರಡು. ಒಂದನ್ನು ಮುಚ್ಚಿ ಇನ್ನೊಂದನ್ನು ಬಿಟ್ಟರೆ ಪ್ರಯೋಜನವಿಲ್ಲ. ಎರಡೂ ದಾರಿ ಸೇರಿದ ಮೇಲೆ ಬಿಎಂಸಿಗೆ ಹೋಗುವ ಸ್ವಿಚ್ ಯಾವುದು ಎಂದು ಮೆಕ್ಯಾನಿಕ್ ಹತ್ತಿರ ಕೇಳಿ ಗುರುತು ಹಾಕಿಸಿಕೊಳ್ಳಿ. ತೊಟ್ಟಿಯೊಳಗೆ ಇಳಿಯಬೇಡಿ, ಉದ್ದ ಹಿಡಿಯ ಬ್ರಷ್ ಬಳಸಿ. ತಂಪು ಮಾಡುವ ಅನಿಲದ ಕೊಳವೆ, ಪ್ಯಾನೆಲ್ಲಿನೊಳಗಿನ ತಂತಿ ಇವು ಮೆಕ್ಯಾನಿಕ್ ಕೆಲಸ, ನಮ್ಮದಲ್ಲ.

ನೀರಿನ ಪಂಪಿಗೆ ಆಟೋ ಸ್ಟಾರ್ಟರ್ ಇದ್ದರೆ, ಬರೀ ಆಟೋ ಗುಂಡಿ ತೆಗೆದು ಬೆಲ್ಟು ಮುಟ್ಟಬೇಡಿ. ಮೇನ್ ಇಳಿಸಿ, ಫ್ಯೂಸ್ ಕಿತ್ತು, ಪೆಟ್ಟಿಗೆಗೆ ಬೀಗ ಹಾಕಿ.

ಮನೆಯಲ್ಲಿ ಏನೆನ್ನುತ್ತಾರೆ?

ಬೀಗ ಕೊಳ್ಳುವುದು ಸುಲಭ. ಬೀಗದ ಕೈಯನ್ನು ತಾನೇ ಇಟ್ಟುಕೊಳ್ಳುವುದು ಕಷ್ಟ. ‘ಎರಡು ನಿಮಿಷದ ಕೆಲಸಕ್ಕೆ ಇಷ್ಟೆಲ್ಲ ಯಾಕೆ?’ ಎನ್ನುವವರಿರುತ್ತಾರೆ. ‘ಇಪ್ಪತ್ತು ವರ್ಷದಿಂದ ಹೀಗೇ ಮಾಡಿದ್ದೇವೆ, ಏನಾಗಿದೆ?’ ಎನ್ನುವವರೂ ಇರುತ್ತಾರೆ. ‘ಬೀಗದ ಕೈ ಇಲ್ಲಿ ಕೊಡು, ನಾನು ನೋಡಿಕೊಳ್ಳುತ್ತೇನೆ’ ಎಂದು ಪ್ರೀತಿಯಿಂದ ಕೇಳುವವರೂ ಉಂಟು.

ಈ ಮೂರನೆಯವರಿಗೆ ಹೇಳುವ ಉತ್ತರ ಮುಖ್ಯ. ಇದು ನಂಬಿಕೆಯ ಪ್ರಶ್ನೆಯಲ್ಲ. ಅವರ ಮೇಲೆ ಎಷ್ಟೇ ನಂಬಿಕೆ ಇದ್ದರೂ, ಅವರಿಗೊಂದು ಫೋನು ಬಂದರೆ, ಯಾರೋ ಕರೆದರೆ, ಮರೆವು ಸಹಜ. ನಿಮ್ಮ ಕೈ ಒಳಗಿದೆ ಎಂಬುದನ್ನು ಎಂದೂ ಮರೆಯದ ಒಬ್ಬರೇ ಒಬ್ಬರು ನೀವು. ಆದ್ದರಿಂದ ‘ನಿಮ್ಮ ಕೈ ಒಳಗಿದ್ದಾಗ ಬೀಗದ ಕೈ ನಿಮಗೆ, ನನ್ನ ಕೈ ಒಳಗಿದ್ದಾಗ ನನಗೆ’ ಎಂದು ಮೆತ್ತಗೆ, ಆದರೆ ಖಂಡಿತವಾಗಿ ಹೇಳಿ. ಯಜಮಾನರು ರಿಪೇರಿ ಮಾಡುವಾಗ ನೀವೇ ಬೀಗ ತಂದು ಅವರ ಕೈಗೆ ಕೊಡಿ. ನಿಯಮ ಎಲ್ಲರಿಗೂ ಒಂದೇ ಎಂದಾಗ ಯಾರಿಗೂ ಬೇಸರವಿರುವುದಿಲ್ಲ. ಕೂಲಿಗೆ ಬಂದವರು ಯಂತ್ರ ಮುಟ್ಟುವುದಾದರೆ ಬೀಗ ಅವರಿಗೂ ಕೊಡಿ. ಅವರ ಕೈಯೂ ಕೈಯೇ.

ಎರಡು ನಿಮಿಷದ ಮಾತಿಗೂ ಉತ್ತರವಿದೆ. ಏಳು ಹೆಜ್ಜೆಗೆ ಹಿಡಿಯುವುದು ಐದು ನಿಮಿಷ. ಬೆರಳು ಹೋದರೆ ಹಾಲು ಕರೆಯುವುದು, ಸಗಣಿ ಬಾಚುವುದು, ರೊಟ್ಟಿ ತಟ್ಟುವುದು, ಮಗುವಿಗೆ ಜಡೆ ಹಾಕುವುದು ಎಲ್ಲವನ್ನೂ ಇನ್ನೊಮ್ಮೆ ಕಲಿಯಬೇಕು. ಕೆಲವನ್ನು ಕಲಿಯಲೂ ಆಗುವುದಿಲ್ಲ. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು ಎಂಬಂತಾಗಬಾರದು.

ಅನಾಹುತ ಆಗಿಯೇಬಿಟ್ಟರೆ

• ಮೊದಲು ಮೇನ್ ಸ್ವಿಚ್ ಇಳಿಸಿ. ಸಿಕ್ಕಿಕೊಂಡ ಕೈಯನ್ನು ಬಲವಾಗಿ ಎಳೆಯಬೇಡಿ. ಯಂತ್ರವನ್ನು ಹಿಂದಕ್ಕೆ ಓಡಿಸಲು ಮತ್ತೆ ಸ್ವಿಚ್ ಹಾಕಬೇಡಿ. ಕರೆಂಟು ಕಡಿದ ಮೇಲೆ ಗಾಲಿಯನ್ನು ಕೈಯಿಂದ ನಿಧಾನವಾಗಿ ಹಿಂದಕ್ಕೆ ತಿರುಗಿಸಿ, ಅಥವಾ ನಟ್ಟು ಬಿಚ್ಚಿ ಬಿಡಿಸಿ.
• 108ಕ್ಕೆ ಕರೆ ಮಾಡಿ. 112 ಕೂಡ ತುರ್ತು ಸಂಖ್ಯೆಯೇ.
• ರಕ್ತ ಬರುವ ಜಾಗಕ್ಕೆ ಶುದ್ಧ ಬಟ್ಟೆ ಒತ್ತಿ ಹಿಡಿದು, ಕೈಯನ್ನು ಎದೆಗಿಂತ ಎತ್ತರದಲ್ಲಿಡಿ. ಅರಿಸಿನ, ಕಾಫಿಪುಡಿ, ಸುಣ್ಣ ಏನನ್ನೂ ಹಾಕಬೇಡಿ.
• ಬೆರಳು ತುಂಡಾಗಿದ್ದರೆ ಹುಡುಕಿ ತೆಗೆದುಕೊಳ್ಳಿ. ಮಣ್ಣಾಗಿದ್ದರೆ ಶುದ್ಧ ನೀರಿನಲ್ಲಿ ಮೆಲ್ಲಗೆ ತೊಳೆದು, ಒದ್ದೆ ಮಾಡಿ ಹಿಂಡಿದ ಶುದ್ಧ ಬಟ್ಟೆಯಲ್ಲಿ ಸುತ್ತಿ, ಪ್ಲಾಸ್ಟಿಕ್ ಚೀಲದಲ್ಲಿ ಹಾಕಿ ಬಾಯಿ ಕಟ್ಟಿ. ಆ ಚೀಲವನ್ನು ಐಸ್ ಹಾಕಿದ ನೀರಿನಲ್ಲಿಡಿ. ಬೆರಳನ್ನು ನೇರವಾಗಿ ಐಸ್ ಮೇಲೆ ಇಡಬೇಡಿ, ಅದು ಕೆಡುತ್ತದೆ. ಗಾಯಗೊಂಡವರ ಜೊತೆಯಲ್ಲೇ ಅದನ್ನೂ ಆಸ್ಪತ್ರೆಗೆ ಕಳಿಸಿ. ಬೇಗ ತಲುಪಿದರೆ ಮತ್ತೆ ಜೋಡಿಸುವ ಅವಕಾಶವಿರುತ್ತದೆ.
• ಶಾಕ್ ಹೊಡೆದವರನ್ನು ಕರೆಂಟು ಕಡಿಯದೆ ಮುಟ್ಟಬೇಡಿ. ಸ್ವಿಚ್ ಸಿಗದಿದ್ದರೆ ಒಣ ಮರದ ಕೋಲಿನಿಂದ ತಂತಿಯನ್ನು ದೂರ ಸರಿಸಿ. ಇದು ಮನೆಯ ತಂತಿಗೆ ಹೇಳಿದ ಮಾತು. ಕಂಬದ ತಂತಿ ಹರಿದು ಬಿದ್ದಿದ್ದರೆ ಹತ್ತಿರವೂ ಹೋಗದೆ 1912ಕ್ಕೆ ಕರೆ ಮಾಡಿ.

ಸಂಘದಲ್ಲಿ ಮಾಡಬಹುದಾದದ್ದು

ಮಹಿಳಾ ಹಾಲು ಉತ್ಪಾದಕರ ಸಹಕಾರ ಸಂಘಗಳ ಅಧ್ಯಕ್ಷರು, ಕಾರ್ಯದರ್ಶಿಗಳಲ್ಲಿ ಒಂದು ವಿನಂತಿ. ಮುಂದಿನ ಸಭೆಯಲ್ಲಿ ಈ ಏಳು ಹೆಜ್ಜೆಯನ್ನು ಓದಿ ಹೇಳಿ. ಸಾಧ್ಯವಾದರೆ ಒಬ್ಬ ಸದಸ್ಯೆಯ ಕೊಟ್ಟಿಗೆಯಲ್ಲೇ ಎಲ್ಲರೂ ಸೇರಿ, ಒಬ್ಬೊಬ್ಬರಾಗಿ ಬೀಗ ಹಾಕಿ, ಪರೀಕ್ಷೆ ಮಾಡಿ ನೋಡಿ. ಓದಿದ್ದು ಮರೆಯುತ್ತದೆ, ಮಾಡಿದ್ದು ಕೈಗೆ ಹತ್ತುತ್ತದೆ. ಹತ್ತು ಹನ್ನೆರಡು ಮನೆಯವರು ಒಟ್ಟಾಗಿ ಬೀಗ, ಸ್ವಿಚ್ ಪೆಟ್ಟಿಗೆ ತರಿಸಿದರೆ, ಎಲೆಕ್ಟ್ರಿಷಿಯನ್ ಒಂದೇ ದಿನ ಬಂದು ಎಲ್ಲರ ಮನೆಯ ಕೆಲಸ ಮುಗಿಸಿಕೊಡುತ್ತಾರೆ. ಡೇರಿಯ ಬಿಎಂಸಿ ಸ್ವಿಚ್ಚಿನ ಪಕ್ಕದಲ್ಲೂ ಒಂದು ಬೀಗ, ಒಂದು ಕೆಂಪು ಚೀಟಿ ತೂಗಿರಲಿ. ಹೊಸ ಮೇವಿನ ಯಂತ್ರ ಕೊಳ್ಳುವ ಸದಸ್ಯೆಯರಿಗೆ ಗಾಲಿಯ ಮುಚ್ಚಳ, ಬೆಲ್ಟಿನ ಮರೆ, ಹಿಂದೆ ಮುಂದೆ ಮಾಡುವ ಗೇರು ಇರುವುದನ್ನೇ ಕೇಳಿ ಕೊಳ್ಳಲು ಹೇಳಿ. ಮುಚ್ಚಳ ಅಡ್ಡಿಯೆಂದು ಕಳಚಿ ಮೂಲೆಗೆ ಎಸೆದವರು ಇಂದೇ ಹುಡುಕಿ ಕೂರಿಸಲಿ.

ಬೆಳಗ್ಗೆ ಸಂಜೆ ಎರಡು ಹೊತ್ತು ಸಂಘಕ್ಕೆ ಬರುವ ಪ್ರತಿ ಲೀಟರ್ ಹಾಲಿನ ಹಿಂದೆ ನಿಮ್ಮ ಹತ್ತು ಬೆರಳುಗಳಿವೆ. ಹಸುವಿಗೆ ವಿಮೆ ಮಾಡಿಸುತ್ತೇವೆ, ಕಿವಿಗೆ ಓಲೆ ಹಾಕಿಸುತ್ತೇವೆ, ಲಸಿಕೆಯ ದಿನ ಗೋಡೆಗೆ ಬರೆದಿಡುತ್ತೇವೆ. ಅದರ ಜೊತೆಗೆ ಈ ವಾರದ ಸಂತೆಯಿಂದ ಒಂದು ಬೀಗ ತನ್ನಿ.